ಮೂಕಚಿತ್ರದಲ್ಲಿ ಲೋಕಾಪವಾದ: ‘ಲೇಡಿ ವಿಂಡರ್‌ಮಿಯರಳ ಬೀಸಣಿಗೆ’ಯ ವಿಮರ್ಶೆ

೧

ಮಾನ, ಮರ್ಯಾದೆ, ಕೀರ್ತಿ, ಅಪವಾದ ಎಂಬ ಶಬ್ದಗಳು ಕಾವ್ಯಗಳಲ್ಲಿ ಎಷ್ಟು ಬಳಕೆಯಾಗಿವೆಯೋ ನಿತ್ಯದ ಮನೆಮಾತಿನಲ್ಲಿಯೂ ಅಷ್ಟೇ ಬಳಕೆಯಾಗಿವೆ. ಇವುಗಳಲ್ಲಿ ಕೆಲವು ಶಬ್ದಗಳ ಮೂಲವನ್ನು ಪರಿಶೀಲಿಸಿದರೆ ಅವು ವಾಕ್ಕಿಗೂ ಶ್ರವಣಕ್ಕೂ ಸಂಬಂಧಪಟ್ಟವೆಂಬುದು ಗೊತ್ತಾಗುತ್ತದೆ. ಕೀರ್ತಿಯೆಂದರೆ ಕೀರ್ತಿಸಲ್ಪಡುವುದು; ಅಪವಾದವೆಂದರೆ ಕೆಟ್ಟದಾಗಿ ಆಡಿದ ಮಾತು; ವೇದಭಾಷೆಯ ‘ಶ್ರವಸ್’ ಎಂಬುದಕ್ಕೆ ಕೇಳಿಬರುವ ಹೆಸರೆಂದು ಅರ್ಥ. ಕನ್ನಡಿಗರಾದ ನಾವೂ ‘ಹೆಸರು ಕೆಟ್ಟಿತು’, ‘ನಾಲ್ಕು ಜನ ಆಡಿಕೊಳ್ಳುವಂತಾಯಿತು’ ಎಂದೇ ಹೇಳುತ್ತೇವೆ. ಭವಭೂತಿಯ ‘ಉತ್ತರರಾಮಚರಿತ’ದಲ್ಲಿ ಸೀತೆಯ ಪರಿತ್ಯಾಗಕ್ಕೆ ಕಾರಣವಾದ ಲೋಕಾಪವಾದವು ರಂಗದ ಮೇಲೆ ಕಾಣಿಸಿಕೊಳ್ಳುವುದೇ ಇಲ್ಲ, ದುರ್ಮುಖನು ಅದನ್ನು ರಾಮನ ಕಿವಿಯಲ್ಲಿ ಉಸುರುತ್ತಾನೆ. ಕಿವಿಯಲ್ಲಿ ಬಿದ್ದ ಆ ಒಂದು ಮಾತೇ ಒಂದು ಸಂಸಾರವನ್ನು ಒಡೆಯುತ್ತದೆ.

ಮಾನಾಪಮಾನಗಳು ಹೀಗೆ ಮಾತಿನಲ್ಲಿಯೇ ಹುಟ್ಟಿ ಮಾತಿನಲ್ಲಿಯೇ ಬೆಳೆಯುವುವಾದರೆ, ಮಾತೇ ಇಲ್ಲದ ಕಲೆಯೊಂದು ಅವುಗಳನ್ನು ನಿರೂಪಿಸುವುದು ಹೇಗೆ? ಭರತನು ಹೇಳುವ ನಾಲ್ಕು ಬಗೆಯ ಅಭಿನಯಗಳಲ್ಲಿ ವಾಚಿಕವು ಮೂಕಚಿತ್ರಕ್ಕೆ ಇಲ್ಲವೆಂದೇ ಹೇಳಬೇಕು. ಸಾತ್ತ್ವಿಕದಲ್ಲಿಯೂ ಸ್ವರಭೇದವು ಅದಕ್ಕೆ ಅಸಾಧ್ಯ. ಕಪ್ಪುಬಿಳುಪಿನ ಚಿತ್ರವಾದುದರಿಂದ ವೈವರ್ಣ್ಯವೂ ದುಸ್ಸಾಧ್ಯ. ಉಳಿಯುವುದು ಆಂಗಿಕ, ಆಹಾರ್ಯ, ನಡುನಡುವೆ ಬರುವ ಒಂದೆರಡು ಸಾಲಿನ ಬರಹದ ಫಲಕ, ಚಿತ್ರಮಂದಿರದಲ್ಲಿ ನುಡಿಸುತ್ತಿದ್ದ ವಾದ್ಯಸಂಗೀತ ಇಷ್ಟೇ. ಇಷ್ಟು ಸಾಮಗ್ರಿಯಿಂದ, ಅದೂ ಇಂಗ್ಲಿಷ್ ನಾಟಕಸಾಹಿತ್ಯದಲ್ಲಿ ಮಾತಿನ ಚಮತ್ಕಾರಕ್ಕೆ ಹೆಸರಾದ ಕೃತಿಯೊಂದನ್ನೇ ಆರಿಸಿಕೊಂಡು, ಕುಲಸ್ತ್ರೀಯ ಮಾನರಕ್ಷಣೆಯ ಕಥೆಯನ್ನು ಹೇಳಿದ ಚಿತ್ರವೊಂದುಂಟು. ಅದು ಏರ್ನ್‌ಸ್ಟ್ ಲೂಬಿಚ್ಚನು ೧೯೨೫ರಲ್ಲಿ ಅಮೆರಿಕೆಯಲ್ಲಿ ನಿರ್ದೇಶಿಸಿದ ‘ಲೇಡಿ ವಿಂಡರ್‌ಮಿಯರಳ ಬೀಸಣಿಗೆ’. ಮಾತನ್ನು ಕಳೆದುಕೊಂಡುದರಿಂದ ಈ ಕೃತಿಯು ಏನನ್ನು ಕಳೆದುಕೊಂಡಿತು, ಏನನ್ನು ಪಡೆಯಿತು ಎಂಬುದನ್ನು ವಿಚಾರಮಾಡುವುದೇ ಪ್ರಕೃತ ಲೇಖನದ ಉದ್ದೇಶ.

೨

ಮೊದಲು ಮೂಲನಾಟಕದ ವಿಚಾರ. ಆಸ್ಕರ್ ವೈಲ್ಡನ ಈ ನಾಟಕವು ೧೮೯೨ನೆಯ ಇಸವಿ ಫೆಬ್ರವರಿ ೨೦ರಂದು ಲಂಡನ್ನಿನ ಸೇಂಟ್ ಜೇಮ್ಸಸ್ ನಾಟಕಶಾಲೆಯಲ್ಲಿ ಪ್ರಥಮವಾಗಿ ಪ್ರದರ್ಶಿತವಾಯಿತು. ನಾಲ್ಕು ಅಂಕಗಳ ಈ ನಾಟಕಕ್ಕೆ ವೈಲ್ಡನು ‘ಸಾಧ್ವಿಯೊಬ್ಬಳನ್ನು ಕುರಿತ ನಾಟಕ’ ಎಂಬರ್ಥದ ಉಪಶೀರ್ಷಿಕೆಯನ್ನು ಕೊಟ್ಟಿದ್ದಾನೆ. ಆ ಸಾಧ್ವಿ ಯಾರೆಂಬುದೇ ನಾಟಕದ ಪ್ರಶ್ನೆ.

ಕಥೆಯು ಸಂಗ್ರಹವಾಗಿ ಹೀಗಿದೆ. ಲೇಡಿ ವಿಂಡರ್‌ಮಿಯರಳು ಕುಲೀನಳಾದ ತರುಣಿ. ಒಳ್ಳೆಯವರು, ಕೆಟ್ಟವರು ಎಂದು ಜನರನ್ನು ಎರಡೇ ಪಂಕ್ತಿಯಲ್ಲಿ ಕೂರಿಸುವಷ್ಟು ಕಠಿನವಾದ ನೀತಿಯುಳ್ಳವಳು. ತನ್ನ ತಾಯಿ ಸತ್ತುಹೋದಳೆಂದು ಆಕೆ ತಿಳಿದಿದ್ದಾಳೆ. ಆ ತಾಯಿಯ ಸ್ಮೃತಿಯನ್ನು ದೇವತೆಯಂತೆ ಪೂಜಿಸುತ್ತಾಳೆ. ವಾಸ್ತವವಾಗಿ ತಾಯಿಯು ಇಪ್ಪತ್ತು ವರ್ಷಗಳ ಹಿಂದೆ ಗಂಡನನ್ನೂ ಎಳೆಮಗುವನ್ನೂ ಬಿಟ್ಟು ಪರಪುರುಷನೊಡನೆ ಹೊರಟುಹೋದವಳು. ಈಗ ಅವಳೇ ‘ಮಿಸೆಸ್ ಅರ್ಲಿನ್’ ಎಂಬ ಹೆಸರಿನಿಂದ ಲಂಡನ್ನಿಗೆ ಮರಳಿ ಬಂದು, ಅಳಿಯನಾದ ವಿಂಡರ್‌ಮಿಯರನಿಂದ ಹಣವನ್ನು ಪಡೆಯುತ್ತಿದ್ದಾಳೆ. ಹೆಂಡತಿಯ ಮನಸ್ಸು ಒಡೆಯಬಾರದೆಂದು ಆತನು ಈ ಸಂಬಂಧವನ್ನು ಮುಚ್ಚಿಡುತ್ತಾನೆ. ಬೀಗಹಾಕಿದ್ದ ಬ್ಯಾಂಕಿನ ಪುಸ್ತಕವನ್ನು ತೆರೆದುನೋಡಿದ ಹೆಂಡತಿಯು ಆ ಹಣಕ್ಕೆ ಬೇರೆಯ ಅರ್ಥವನ್ನು ಕಲ್ಪಿಸಿಕೊಂಡು, ಮನನೊಂದು, ತನ್ನನ್ನು ಪ್ರೀತಿಸುವ ಲಾರ್ಡ್ ಡಾರ್ಲಿಂಗ್‌ಟನ್ನನ ಮನೆಗೆ ರಾತ್ರಿಯಲ್ಲಿ ಹೋಗುತ್ತಾಳೆ. ಮಗಳು ತನ್ನ ಹೆಜ್ಜೆಯಲ್ಲಿಯೇ ಹೆಜ್ಜೆಯಿಡುತ್ತಿರುವುದನ್ನು ಕಂಡ ತಾಯಿಯು ಹಿಂದೆಯೇ ಧಾವಿಸಿ ಆಕೆಯನ್ನು ಹಿಂದಿರುಗಿಸುತ್ತಾಳೆ. ಅಷ್ಟರಲ್ಲಿ ಗಂಡಸರು ಬಂದುಬಿಡುತ್ತಾರೆ. ಮಗಳ ಬೀಸಣಿಗೆಯು ಅಲ್ಲಿಯೇ ಸಿಕ್ಕಿಬೀಳುತ್ತದೆ. ಆಗ ಮಿಸೆಸ್ ಅರ್ಲಿನ್ ತಾನೇ ಮರೆಯಿಂದ ಹೊರಗೆ ಬಂದು, ಆ ಬೀಸಣಿಗೆಯನ್ನು ತಪ್ಪಿ ತಂದವಳು ತಾನೆಂದು ಹೇಳಿ, ಮಗಳ ಮೇಲೆ ಬೀಳಬೇಕಾಗಿದ್ದ ಕಳಂಕವನ್ನು ತನ್ನ ತಲೆಯ ಮೇಲೆ ಹೊತ್ತುಕೊಳ್ಳುತ್ತಾಳೆ. ಕಡೆಯವರೆಗೂ ಮಗಳಿಗೆ ತಾಯಿಯ ಗುರುತು ತಿಳಿಯುವುದಿಲ್ಲ. ಗಂಡನಿಗೆ ಹೆಂಡತಿಯ ಆ ರಾತ್ರಿಯ ವಿಚಾರ ತಿಳಿಯುವುದಿಲ್ಲ.

ಒಂದು ಮನೆಯ ಮಾನವು ಎರಡು ಮೌನಗಳ ಮೇಲೆ ನಿಂತಿದೆಯೆಂಬುದನ್ನು ವಾಚಕರು ಗಮನಿಸಬೇಕು. ವೈಲ್ಡನ ನಾಟಕವು ಮಾತಿನಿಂದ ತುಂಬಿತುಳುಕುತ್ತಿದ್ದರೂ ಅದರ ನೆಲೆಗಟ್ಟು ಆಡದೆ ಉಳಿದ ಮಾತು.

೩

ಲೂಬಿಚ್ಚನು ಬರ್ಲಿನ್ನಿನವನು, ಈ ನಾಟಕವು ರಂಗವನ್ನೇರಿದ ೧೮೯೨ರಲ್ಲಿಯೇ ಹುಟ್ಟಿದವನು. ಜರ್ಮನಿಯಲ್ಲಿ ನಟನಾಗಿಯೂ ನಿರ್ದೇಶಕನಾಗಿಯೂ ಹೆಸರನ್ನು ಪಡೆದು, ೧೯೨೨ರಲ್ಲಿ ಅಮೆರಿಕೆಗೆ ಹೋದನು. ೧೯೨೪ರ ‘ದಿ ಮ್ಯಾರೇಜ್ ಸರ್ಕಲ್’ ಎಂಬ ಚಿತ್ರದಲ್ಲಿ, ದೊಡ್ಡ ಜನಸಂದಣಿಯನ್ನೂ ಐತಿಹಾಸಿಕ ವೈಭವವನ್ನೂ ಬಿಟ್ಟು, ನಾಲ್ಕಾರು ಮಂದಿಯ ನೋಟ, ಹೆಜ್ಜೆ, ಕೈಚಲನೆಗಳಿಂದಲೇ ಗೃಹಜೀವನದ ಕಥೆಯನ್ನು ನಡೆಸುವ ಒಂದು ಶೈಲಿಯನ್ನು ರೂಢಿಸಿಕೊಂಡನು. ಮರುವರ್ಷ ವಾರ್ನರ್ ಬ್ರದರ್ಸ್ ಸಂಸ್ಥೆಗಾಗಿ ವೈಲ್ಡನ ನಾಟಕವನ್ನು ಕೈಗೆತ್ತಿಕೊಂಡನು. ಚಿತ್ರಕಥೆಯನ್ನು ಬರೆದವನು ಜೂಲಿಯನ್ ಜೋಸೆಫ್ಸನ್. ಮಿಸೆಸ್ ಅರ್ಲಿನ್ ಆಗಿ ಐರೀನ್ ರಿಚ್, ಲೇಡಿ ವಿಂಡರ್‌ಮಿಯರ್ ಆಗಿ ಮೇ ಮ್ಯಾಕಾವಾಯ್, ಆಕೆಯ ಪತಿಯಾಗಿ ಬರ್ಟ್ ಲೈಟೆಲ್, ಡಾರ್ಲಿಂಗ್‌ಟನ್ ಆಗಿ ರೋನಾಲ್ಡ್ ಕೋಲ್ಮನ್, ಮಿಸೆಸ್ ಅರ್ಲಿನಳನ್ನು ಮದುವೆಯಾಗಲಿಚ್ಛಿಸುವ ಲಾರ್ಡ್ ಆಗಸ್ಟಸ್ ಆಗಿ ಎಡ್ವರ್ಡ್ ಮಾರ್ಟಿಂಡೆಲ್ ಅಭಿನಯಿಸಿದ್ದಾರೆ. ಕಥೆಯ ಕಾಲವನ್ನು ೧೮೯೨ರಲ್ಲಿಯೇ ನಿಲ್ಲಿಸದೆ ಮೋಟಾರುಗಾಡಿಗಳ ಕಾಲಕ್ಕೆ ತಂದಿದ್ದಾರೆ.

ಈ ನಾಟಕವು ಚಿತ್ರವಾದುದು ಇದೇ ಮೊದಲಲ್ಲ. ೧೯೧೬ರಲ್ಲಿ ಇಂಗ್ಲೆಂಡಿನಲ್ಲಿ ಫ್ರೆಡ್ ಪಾಲನು ಇದನ್ನು ಮೂಕಚಿತ್ರವಾಗಿ ಮಾಡಿದ್ದನು. ಆದರೆ ಲೂಬಿಚ್ಚನ ಕೃತಿಯು ಪ್ರಸಿದ್ಧವಾದುದಕ್ಕೂ, ವಾದಕ್ಕೆ ವಿಷಯವಾದುದಕ್ಕೂ ಒಂದು ವಿಶೇಷ ಕಾರಣವಿದೆ. ವೈಲ್ಡನ ಚಾಟೂಕ್ತಿಗಳನ್ನು ಆತನು ಬರಹದ ಫಲಕಗಳಿಗೆ ಇಳಿಸಲೇ ಇಲ್ಲ. ಶಬ್ದಕ್ರೀಡೆಯು ಬರೆಯುವವನಿಗೂ ಓದುವವನಿಗೂ ಸೊಗಸು, ತೆರೆಗೆ ಅದು ಒಗ್ಗದು ಎಂಬುದು ಆತನ ಅಭಿಪ್ರಾಯವಾಗಿತ್ತು. ಬೇರೆ ಯಾರಾದರೂ ಆಗಿದ್ದರೆ ಪ್ರತಿ ನಾಲ್ಕು ದೃಶ್ಯಕ್ಕೊಂದು ಚಮತ್ಕಾರೋಕ್ತಿಯನ್ನು ಫಲಕದ ಮೇಲೆ ಬರೆದು ಮೂಲಕ್ಕೆ ನಿಷ್ಠನಾದೆನೆಂದು ತೃಪ್ತಿಪಡುತ್ತಿದ್ದರು.

ಇಲ್ಲಿ ಒಂದು ಆಕ್ಷೇಪವು ಸಹಜವಾಗಿಯೇ ಏಳುತ್ತದೆ. ವೈಲ್ಡನಿಂದ ಮಾತನ್ನು ಕಳೆದರೆ ಉಳಿಯುವುದು ಹಳೆಯ ಜಾಡಿನ ಒಂದು ಕರುಣಕಥೆಯಷ್ಟೆ. ಪತಿತೆಯಾದ ತಾಯಿ, ಅರಿಯದ ಮಗಳು, ಮರೆಯಲ್ಲಿ ಅಡಗುವುದು, ಗುರುತಿನ ವಸ್ತು ಸಿಕ್ಕುವುದು, ಇವೆಲ್ಲವೂ ಆ ಕಾಲದ ಫ್ರೆಂಚ್ ನಾಟಕಗಳಲ್ಲಿ ಸವೆದ ಉಪಾಯಗಳಲ್ಲವೆ? ಈ ಆಕ್ಷೇಪವನ್ನು ತಳ್ಳಿಹಾಕುವಂತಿಲ್ಲ. ಆದರೆ ಅದು ಕಾವ್ಯದ ಶರೀರವನ್ನು ಮಾತ್ರ ಗಣನೆಗೆ ತಂದುಕೊಂಡ ಆಕ್ಷೇಪ. ಆನಂದವರ್ಧನನ ಮಾರ್ಗದಲ್ಲಿ ವಿಚಾರಮಾಡುವವರಿಗೆ ವಾಚ್ಯವು ಉಪಾಯ, ವ್ಯಂಗ್ಯವು ಉಪೇಯ. ಉಪಾಯವನ್ನು ಬದಲಿಸಿದರೂ ಉಪೇಯವು ಕೈತಪ್ಪದಿದ್ದರೆ ಅನುವಾದಕನನ್ನು ದ್ರೋಹಿಯೆನ್ನಲಾಗದು. ಲೂಬಿಚ್ಚನು ಯಾವ ಉಪಾಯವನ್ನು ಹಿಡಿದನೆಂಬುದೇ ನೋಡಬೇಕಾದ ಸಂಗತಿ.

೪

ಆತನು ಮಾಡಿದ ಮೊದಲನೆಯ ಮಾರ್ಪಾಡು ರಹಸ್ಯದ ವಿಷಯದ್ದು. ಮಿಸೆಸ್ ಅರ್ಲಿನ್ ಯಾರೆಂಬುದನ್ನು ವೈಲ್ಡನು ಮೊದಲು ಕಡೆಯ ಅಂಕದವರೆಗೂ ಪ್ರೇಕ್ಷಕರಿಂದ ಮುಚ್ಚಿಡಬೇಕೆಂದಿದ್ದನು. ನಾಟಕವನ್ನು ಆಡಿಸಿದ ನಟ ಜಾರ್ಜ್ ಅಲೆಕ್ಸಾಂಡರನು ಇದು ಸರಿಯಲ್ಲವೆಂದು ವಾದಿಸಿದನು. ಮೊದಲ ಪ್ರದರ್ಶನವಾದ ಮೇಲೆ ವೈಲ್ಡನು ಒಪ್ಪಿ, ಗುಟ್ಟು ಮೆಲ್ಲಮೆಲ್ಲನೆ ಹೊರಬೀಳುವಂತೆ ತಿದ್ದಿದನು. ಲೂಬಿಚ್ಚನಾದರೋ ಅಲೆಕ್ಸಾಂಡರನಿಗಿಂತಲೂ ಮುಂದೆ ಹೋಗಿ, ಚಿತ್ರದ ಆರಂಭದಲ್ಲಿಯೇ, ಮಿಸೆಸ್ ಅರ್ಲಿನ್ ವಿಂಡರ್‌ಮಿಯರನನ್ನು ಕರೆಸಿಕೊಂಡು ತನ್ನ ಗುರುತನ್ನು ತಿಳಿಸುವ ದೃಶ್ಯವನ್ನು ಇಟ್ಟನು.

ಇದರಿಂದ ಕುತೂಹಲವು ಕಡಮೆಯಾಗುವುದು ನಿಜ. ಆದರೆ ಬೇರೊಂದು ಪ್ರಯೋಜನ ಸಿದ್ಧಿಸುತ್ತದೆ. ಮುಂದಿನ ದೃಶ್ಯಗಳಲ್ಲಿ ಒಬ್ಬೊಬ್ಬರೂ ಮಿಸೆಸ್ ಅರ್ಲಿನಳನ್ನು ನೋಡಿ ಒಂದೊಂದು ನಿರ್ಣಯಕ್ಕೆ ಬರುತ್ತಾರೆ. ಪ್ರೇಕ್ಷಕನೊಬ್ಬನಿಗೆ ಮಾತ್ರ ಆ ನಿರ್ಣಯಗಳೆಲ್ಲ ತಪ್ಪೆಂದು ಗೊತ್ತಿರುತ್ತದೆ. ‘ಶಾಕುಂತಲ’ದಲ್ಲಿ ದುರ್ವಾಸನ ಶಾಪವು ಸಹೃದಯನಿಗೆ ಗೊತ್ತು, ದುಷ್ಯಂತನಿಗೆ ಗೊತ್ತಿಲ್ಲ, ಆದುದರಿಂದಲೇ ಐದನೆಯ ಅಂಕದಲ್ಲಿ ನಮಗೆ ರಾಜನ ಮೇಲೆ ಕೇವಲ ಕೋಪವೂ ಬಾರದೆ, ಶಕುಂತಲೆಯ ಮೇಲೆ ಕೇವಲ ಮರುಕವೂ ಬಾರದೆ, ಇಬ್ಬರಿಗೂ ಕಾಣದ ಸತ್ಯವೊಂದರ ಭಾರವು ಎದೆಯ ಮೇಲೆ ಕುಳಿತುಕೊಳ್ಳುತ್ತದೆ. ಈ ಚಿತ್ರದಲ್ಲಿಯೂ ಹಾಗೆಯೇ. ಏನಾಗುವುದೋ ಎಂಬುದಕ್ಕಿಂತ, ಇವರು ಹೇಗೆ ತಪ್ಪಾಗಿ ನೋಡುತ್ತಾರೆ ಎಂಬುದೇ ನಮ್ಮ ಲಕ್ಷ್ಯಕ್ಕೆ ವಿಷಯವಾಗುತ್ತದೆ.

೫

ಎರಡನೆಯ ಮಾರ್ಪಾಡು ಒಂದು ಹೊಸ ದೃಶ್ಯದ ರಚನೆ. ನಾಟಕದಲ್ಲಿ ಇಲ್ಲದ ಕುದುರೆಪಂದ್ಯದ ಪ್ರಸಂಗವನ್ನು ಲೂಬಿಚ್ಚನು ತಂದು ಸೇರಿಸಿದ್ದಾನೆ. ನಾಟಕದ ಮೊದಲನೆಯ ಅಂಕದಲ್ಲಿ ಬರ್ವಿಕ್ಕಿನ ಡಚೆಸ್ ಎಂಬ ಶ್ರೀಮಂತ ಮುದುಕಿಯೊಬ್ಬಳು ಬಂದು, ಮಿಸೆಸ್ ಅರ್ಲಿನಳ ವಿಷಯವಾಗಿ ಊರು ಆಡುವ ಮಾತನ್ನೆಲ್ಲ ಲೇಡಿ ವಿಂಡರ್‌ಮಿಯರಳ ಮುಂದೆ ಸುರಿಯುತ್ತಾಳೆ. ಆ ಅಪವಾದವು ಅಲ್ಲಿ ಶ್ರವ್ಯ. ಚಿತ್ರದಲ್ಲಿ ಅದೇ ದೃಶ್ಯವಾಗಬೇಕಾಯಿತು.

ಪಂದ್ಯದ ಮೈದಾನದಲ್ಲಿ ಊರಿನ ದೊಡ್ಡವರೆಲ್ಲ ಸೇರಿದ್ದಾರೆ. ಮಿಸೆಸ್ ಅರ್ಲಿನ್ ಅಲ್ಲಿಗೆ ಬರುತ್ತಾಳೆ. ಕುದುರೆಗಳನ್ನು ನೋಡಲೆಂದು ತಂದ ದುರ್ಬೀನುಗಳು ಒಂದೊಂದಾಗಿ ಅವಳ ಕಡೆಗೆ ತಿರುಗುತ್ತವೆ. ಹೆಂಗಸರು ನೋಡುತ್ತಾರೆ, ಗಂಡಸರು ನೋಡುತ್ತಾರೆ. ಹಿಂದಿನಿಂದ, ಪಕ್ಕದಿಂದ, ಮೇಲಿನಿಂದ ನೋಡುತ್ತಾರೆ. ಹರಟೆಮಲ್ಲಿಯರಾದ ಮುದುಕಿಯರು ಅವಳ ಉಡುಪನ್ನೂ ಆಭರಣವನ್ನೂ ಪರೀಕ್ಷಿಸಿ, ಕೊನೆಗೆ ಅವಳ ಕೂದಲಿನಲ್ಲಿ ನರೆಯನ್ನು ಹುಡುಕಿ ಹಿಡಿಯುತ್ತಾರೆ. ಅವಳಿಗಾದರೋ ತನ್ನನ್ನು ನೋಡುತ್ತಿರುವುದು ಗೊತ್ತಿದೆ. ಗೊತ್ತಿಲ್ಲದವಳಂತೆ ಕುಳಿತಿರುವುದೇ ಅವಳ ಅಭಿನಯ. ಈ ಪ್ರಸಂಗದಲ್ಲಿ ಬರಹದ ಫಲಕಗಳು ಅತ್ಯಲ್ಪ. ಯಾರು ಯಾರನ್ನು ನೋಡಿದರು, ಆ ನೋಟವನ್ನು ಮತ್ತೆ ಯಾರು ನೋಡಿದರು ಎಂಬುದರ ಜೋಡಣೆಯಿಂದಲೇ ಒಂದು ಸಮಾಜದ ಸ್ವಭಾವವೆಲ್ಲ ತಿಳಿಯುತ್ತದೆ.

ಪಾಣಿನಿಯು ‘ಚಕ್ಷಿಙ್’ ಎಂಬ ಧಾತುವಿಗೆ ‘ಖ್ಯಾಞ್’ ಎಂಬ ಆದೇಶವನ್ನು ವಿಧಿಸಿರುವುದು ವ್ಯಾಕರಣಜ್ಞರಾದ ವಾಚಕರಿಗೆ ವಿದಿತವೇ ಆಗಿದೆ. ಆ ಧಾತುವಿಗೆ ಸ್ಪಷ್ಟವಾಗಿ ನುಡಿಯುವುದೆಂಬ ಅರ್ಥವೂ ಉಂಟು, ನೋಡುವುದೆಂಬ ಅರ್ಥವೂ ಉಂಟು. ಕಣ್ಣಿಗೆ ಹೆಸರಾದ ‘ಚಕ್ಷುಸ್’ ಶಬ್ದವು ಆ ಮೂಲದ್ದೇ. ಹೆಸರುವಾಸಿಗೆ ‘ಖ್ಯಾತಿ’ಯೆನ್ನುವಾಗ ನಾವು ಅದರಲ್ಲಡಗಿದ ಈ ನೋಟದ ಅಂಶವನ್ನು ಮರೆತುಬಿಟ್ಟಿದ್ದೇವೆ. ಮಾತನ್ನು ಕಳೆದುಕೊಂಡ ಚಿತ್ರವು ಆ ಮರೆತ ಅಂಶವನ್ನೇ ಎತ್ತಿ ಹಿಡಿದಿದೆ. ಊರಿನ ಬಾಯಿಗೆ ಬೀಳುವುದಕ್ಕೆ ಮೊದಲು ಮನುಷ್ಯನು ಊರಿನ ಕಣ್ಣಿಗೆ ಬಿದ್ದಿರುತ್ತಾನೆ. ವೈಲ್ಡನು ಬಾಯಿಯ ವ್ಯಾಪಾರವನ್ನು ತೋರಿಸಿದನು. ಲೂಬಿಚ್ಚನು ಅದಕ್ಕೂ ಪೂರ್ವದ ಕಣ್ಣಿನ ವ್ಯಾಪಾರವನ್ನು ತೋರಿಸಿದನು.

ಇದೇ ಪ್ರಸಂಗದ ಕೊನೆಯಲ್ಲಿ ಲಾರ್ಡ್ ಆಗಸ್ಟಸನು ಮಿಸೆಸ್ ಅರ್ಲಿನಳನ್ನು ಹಿಂಬಾಲಿಸುವ ಚಿತ್ರಣವೊಂದಿದೆ. ಅವಳು ಮುಂದೆ ನಡೆಯುತ್ತಾಳೆ. ಆತನು ಹಿಂದಿನಿಂದ ಬೇಗಬೇಗನೆ ನಡೆದು ಸಮೀಪಿಸುತ್ತಾನೆ. ಆತನು ಹತ್ತಿರವಾದಂತೆಲ್ಲ ಚಿತ್ರದ ಚೌಕಟ್ಟು ಪಕ್ಕದಿಂದ ಮುಚ್ಚುತ್ತಾ ಬಂದು ಕತ್ತಲಾಗುತ್ತದೆ. ಇಬ್ಬರೂ ಸೇರಿದರೆಂಬುದನ್ನು ಕಾಣಿಸದೆಯೇ ಸೂಚಿಸುವ ಈ ಬಗೆಯನ್ನು ಧ್ವನಿಯೆನ್ನದೆ ಬೇರೆ ಏನೆನ್ನಬೇಕು?

೬

ದರ್ಶನಶಾಸ್ತ್ರದಲ್ಲಿ ‘ಖ್ಯಾತಿ’ ಶಬ್ದಕ್ಕೆ ಜ್ಞಾನ, ಭಾನ ಎಂಬ ಅರ್ಥವಿದೆ. ಒಂದನ್ನು ಇನ್ನೊಂದಾಗಿ ಕಾಣುವ ಭ್ರಮೆಗೆ ನೈಯಾಯಿಕರು ‘ಅನ್ಯಥಾಖ್ಯಾತಿ’ಯೆಂದು ಹೆಸರಿಟ್ಟಿದ್ದಾರೆ. ಅಪಖ್ಯಾತಿಯು ಅನ್ಯಥಾಖ್ಯಾತಿಯಿಂದಲೇ ಹುಟ್ಟುತ್ತದೆಯೆಂಬುದು ಈ ಚಿತ್ರದ ಮಧ್ಯಭಾಗದ ತಾತ್ಪರ್ಯವೆಂದು ಹೇಳಬಹುದು. ಇದಕ್ಕೆ ಎರಡು ಉದಾಹರಣೆಗಳನ್ನು ಕೊಡುತ್ತೇವೆ.

ಮೊದಲನೆಯದು ಕಾಗದದ ಪ್ರಸಂಗ. ಮಿಸೆಸ್ ಅರ್ಲಿನಳಿಂದ ಬಂದ ಕಾಗದವು ವಿಂಡರ್‌ಮಿಯರನ ಮೇಜಿನ ಮೇಲಿದೆ. ಅದು ಕಣ್ಣಿಗೆ ಬೀಳದಂತೆ ಆತನು ಕೈಯಿಂದ ಮರೆಮಾಡಲು ಯತ್ನಿಸುತ್ತಾನೆ. ಆ ಯತ್ನವೇ ಡಾರ್ಲಿಂಗ್‌ಟನ್ನನ ಕಣ್ಣಿಗೆ ಬೀಳುತ್ತದೆ. ಕೈಯು ಸರಿದುದನ್ನು ಕಂಡವನು ಅದರಲ್ಲಿ ತನಗೆ ಬೇಕಾದ ಅರ್ಥವನ್ನು ಓದಿಕೊಳ್ಳುತ್ತಾನೆ. ಪತ್ನಿಯ ಶಾಂತಿಗಾಗಿ ಮಾಡಿದ ಗೋಪನವು ಪತ್ನೀದ್ರೋಹದ ಕುರುಹಾಗಿ ತೋರುತ್ತದೆ. ಇದನ್ನು ಮಾತಿನಲ್ಲಿ ಹೇಳಬೇಕಾದರೆ ಒಂದು ಸ್ವಗತವೇ ಬೇಕಾಗುತ್ತಿತ್ತು.

ಎರಡನೆಯದು ಉದ್ಯಾನದ ಪ್ರಸಂಗ. ಲೇಡಿ ವಿಂಡರ್‌ಮಿಯರಳ ಹುಟ್ಟುಹಬ್ಬದ ಔತಣದ ರಾತ್ರಿ. ಆಮಂತ್ರಣವಿದೆಯೆಂದು ಭಾವಿಸಿ ಬಂದ ಮಿಸೆಸ್ ಅರ್ಲಿನಳನ್ನು ಬಾಗಿಲಲ್ಲಿಯೇ ಸೇವಕನು ತಡೆಯುತ್ತಾನೆ. ಅಷ್ಟರಲ್ಲಿ ಬಂದ ಆಗಸ್ಟಸನ ಜೊತೆಯಲ್ಲಿ ಅವಳು ಒಳಹೊಕ್ಕು, ಕ್ರಮೇಣ ಸಭೆಯನ್ನೆಲ್ಲ ಒಲಿಸಿಕೊಳ್ಳುತ್ತಾಳೆ. ಅನಂತರ ಉದ್ಯಾನದ ಗಿಡಗಳ ಬೇಲಿಯ ಆಚೆ ಅವಳು ಗಂಡಸೊಬ್ಬನೊಡನೆ ಇರುವುದನ್ನು ಲೇಡಿ ವಿಂಡರ್‌ಮಿಯರಳು ದೂರದಿಂದ ಕಾಣುತ್ತಾಳೆ. ಗಂಡಸಿನ ಮುಖವು ಬೇಲಿಯ ಮರೆಯಲ್ಲಿದೆ. ಆತನು ತನ್ನ ಗಂಡನೇ ಎಂದು ಆಕೆ ನಿಶ್ಚಯಿಸಿಬಿಡುತ್ತಾಳೆ. ವಾಸ್ತವವಾಗಿ ಆತನು ಆಗಸ್ಟಸ್. ಮಬ್ಬಿನಲ್ಲಿ ಹಗ್ಗವನ್ನು ಕಂಡು ಹಾವೆಂದು ಬೆದರುವವನಂತೆ, ಕಾಣದ ಭಾಗವನ್ನು ಮನಸ್ಸಿನ ಸಂಶಯದಿಂದ ಪೂರ್ಣಮಾಡಿಕೊಂಡು ಆಕೆ ಮನೆಯನ್ನು ಬಿಟ್ಟು ಹೊರಡುತ್ತಾಳೆ. ಒಂದು ಸಂಸಾರವು ಮುರಿಯುವ ಅಂಚಿಗೆ ಬಂದುದು ಒಂದು ಬೇಲಿಯ ಎತ್ತರದಿಂದ!

ಇಲ್ಲಿ ನಿರ್ದೇಶಕನು ಸಂದರ್ಭದ ಔಚಿತ್ಯವನ್ನು ಚೆನ್ನಾಗಿ ಅರಿತಿದ್ದಾನೆ. ಪಂದ್ಯದ ಮೈದಾನದಲ್ಲಿ ಪರರ ಕಡೆಗೆ ತಿರುಗಿದ್ದ ಸಮಾಜದ ಕಣ್ಣೇ ಈಗ ಗೃಹಿಣಿಯ ಮುಖದಲ್ಲಿ ನೆಲಸಿ, ಆಕೆಯ ಸ್ವಂತ ಗಂಡನನ್ನು ಅಪರಾಧಿಯಾಗಿ ನೋಡುತ್ತಿದೆ. ದುರ್ಬೀನು ಹಿಡಿದ ಮುದುಕಿಯರನ್ನು ನೋಡಿ ನಕ್ಕ ಪ್ರೇಕ್ಷಕನು ಇಲ್ಲಿ ನಗಲಾರನು.

ಮನೆಯ ಒಳಗಿನ ದೃಶ್ಯಗಳಲ್ಲಿ ಆಹಾರ್ಯವೂ ಈ ಭಾವಕ್ಕೆ ಪೋಷಕವಾಗಿದೆ. ವಿಂಡರ್‌ಮಿಯರನ ಮನೆಯ ಕೊಠಡಿಗಳು ಬಹು ವಿಶಾಲ, ಬಾಗಿಲುಗಳು ಆಳೆತ್ತರವನ್ನು ಮೀರಿದವು. ಅವುಗಳ ನಡುವೆ ಗಂಡಹೆಂಡಿರು ಪುಟ್ಟದಾಗಿ ಕಾಣುತ್ತಾರೆ. ಮನೆತನದ ಗೌರವವು ಮನುಷ್ಯರಿಗಿಂತ ದೊಡ್ಡದಾಗಿ ನಿಂತು ಅವರನ್ನು ಕುಬ್ಜರನ್ನಾಗಿ ಮಾಡಿರುವಂತೆ ಈ ಕಟ್ಟಡವು ತೋರುತ್ತದೆ.

೭

ಬೀಸಣಿಗೆಯ ವಿಚಾರಕ್ಕೆ ಬರೋಣ. ನಾಟಕದಲ್ಲಿ ಅದು ಗಂಡನು ಕೊಟ್ಟ ಹುಟ್ಟುಹಬ್ಬದ ಉಡುಗೊರೆ. ಮಿಸೆಸ್ ಅರ್ಲಿನ್ ತನ್ನ ಮನೆಗೆ ಬಂದರೆ ಅದರಿಂದಲೇ ಮುಖಕ್ಕೆ ಹೊಡೆಯುವೆನೆಂದು ಹೆಂಡತಿಯು ಹೇಳುತ್ತಾಳೆ. ಅವಳು ಬಂದಾಗ ಕೈಯಿಂದ ಅದು ಜಾರಿಬೀಳುತ್ತದೆ. ಡಾರ್ಲಿಂಗ್‌ಟನ್ನನ ಮನೆಯಲ್ಲಿ ಅದೇ ಸಾಕ್ಷಿಯಾಗುತ್ತದೆ. ಕೊನೆಗೆ ತಾಯಿಯು ಅದನ್ನೇ ನೆನಪಿಗಾಗಿ ಬೇಡಿ ಪಡೆಯುತ್ತಾಳೆ. ಪ್ರೀತಿಯ ಕಾಣಿಕೆ, ಅವಮಾನದ ಆಯುಧ, ಕಳಂಕದ ಸಾಕ್ಷಿ, ತ್ಯಾಗದ ಸ್ಮಾರಕ ಎಂದು ಒಂದೇ ವಸ್ತುವು ನಾಲ್ಕು ಅವಸ್ಥೆಗಳನ್ನು ಹೊಂದುತ್ತದೆ.

ಕಾಳಿದಾಸನ ಉಂಗುರದೊಡನೆ ಇದನ್ನು ಹೋಲಿಸಿದರೆ ಒಂದು ಭೇದವು ಸ್ಪಷ್ಟವಾಗುತ್ತದೆ. ಉಂಗುರವು ಸತ್ಯಕ್ಕೆ ಸಾಕ್ಷಿ; ಅದು ಕಳೆದಾಗ ಸತ್ಯವಾದ ಸಂಬಂಧವು ಮರೆಯಾಗುತ್ತದೆ, ಸಿಕ್ಕಿದಾಗ ಬೆಳಕಿಗೆ ಬರುತ್ತದೆ. ಬೀಸಣಿಗೆಯಾದರೋ ಸತ್ಯಕ್ಕೆ ಸಾಕ್ಷಿಯಾಗಿ ಸಿಕ್ಕಿದರೂ, ಒಂದು ಸುಳ್ಳಿನಿಂದ ಅದರ ಬಾಯನ್ನು ಮುಚ್ಚಬೇಕಾಗಿದೆ. ಆ ಸುಳ್ಳು ಸತ್ಯಕ್ಕಿಂತ ಹೆಚ್ಚು ಪವಿತ್ರವಾಗಿದೆ. ಅಭಿಜ್ಞಾನವು ತಾಯಿಮಕ್ಕಳನ್ನು ಒಂದುಗೂಡಿಸುವ ಬದಲು ಅವರನ್ನು ಎಂದೆಂದಿಗೂ ಬೇರ್ಪಡಿಸುತ್ತದೆ. ಮಾನರಕ್ಷಣೆಗೆ ತೆರಬೇಕಾದ ಬೆಲೆಯಿದು.

ಡಾರ್ಲಿಂಗ್‌ಟನ್ನನ ಕೊಠಡಿಯ ದೃಶ್ಯದಲ್ಲಿ ಮೂಕಚಿತ್ರದ ಶಕ್ತಿಯು ಪರಾಕಾಷ್ಠೆಯನ್ನು ಮುಟ್ಟಿದೆ. ನಾಟಕದಲ್ಲಿ ಗಂಡಸರು ಬಂದ ಮೇಲೆ ಬಹಳ ಹೊತ್ತು ಹೆಂಗಸರ ವಿಷಯವಾಗಿ ಚಮತ್ಕಾರದ ಮಾತುಗಳು ನಡೆಯುತ್ತವೆ. ವೈಲ್ಡನ ಪ್ರಸಿದ್ಧವಾದ ಉಕ್ತಿಗಳಲ್ಲಿ ಕೆಲವು ಅಲ್ಲಿಯವು. ಚಿತ್ರದಲ್ಲಿ ಅದೆಲ್ಲ ಬಿದ್ದುಹೋಗಿ, ಪೀಠದ ಮೇಲೆ ಬಿದ್ದ ಬೀಸಣಿಗೆ, ಅದನ್ನು ಕಂಡ ಕಣ್ಣು, ಗಂಡನ ಮುಖ, ಮರೆಯಿಂದ ಹೊರಬರುವ ಹೆಣ್ಣು ಇಷ್ಟೇ ಉಳಿದಿವೆ. ಅವಳು ಹೊರಬಂದ ಕ್ಷಣದಲ್ಲಿ ಗಂಡಸರ ಮುಖದಲ್ಲಿ ಮೂಡುವ ಕಿರುನಗೆಯನ್ನು ಗಮನಿಸಬೇಕು. ಅವರಲ್ಲಿ ಯಾರೂ ಆಶ್ಚರ್ಯಪಡುವುದಿಲ್ಲ. ಇವಳು ಇಂಥವಳೇ ಎಂದು ಮೊದಲೇ ತೀರ್ಮಾನಿಸಿದ್ದವರಿಗೆ ಆಶ್ಚರ್ಯವೆಲ್ಲಿಯದು? ಮೈದಾನದಲ್ಲಿ ನೂರು ಕಣ್ಣುಗಳನ್ನು ನಿರ್ಲಕ್ಷ್ಯದಿಂದ ಎದುರಿಸಿದವಳು ಈಗ ನಾಲ್ಕಾರು ಕಣ್ಣುಗಳ ಮುಂದೆ, ತಾನಾಗಿಯೇ, ತಿಳಿದು, ಬಂದು ನಿಂತಿದ್ದಾಳೆ. ಐರೀನ್ ರಿಚ್ಚಳು ಇಲ್ಲಿ ಕಣ್ಣೀರನ್ನಾಗಲಿ ಎದೆಬಡಿತವನ್ನಾಗಲಿ ಪ್ರದರ್ಶಿಸುವುದಿಲ್ಲ. ತಲೆಯೆತ್ತಿ ನಡೆಯುವ ಗತ್ತಿನಿಂದಲೇ ಕರುಣವು ವ್ಯಕ್ತವಾಗುತ್ತದೆ. ಅದೇ ವೇಳೆಗೆ ಮಗಳು ಯಾರ ಕಣ್ಣಿಗೂ ಬೀಳದೆ ಪಾರಾಗುತ್ತಾಳೆ. ಒಬ್ಬಳು ಕಾಣಿಸಿಕೊಂಡುದರಿಂದ ಇನ್ನೊಬ್ಬಳು ಕಾಣದೆ ಉಳಿದಳು; ಇಡೀ ಚಿತ್ರದ ಅರ್ಥವು ಈ ಒಂದು ಕ್ರಿಯೆಯಲ್ಲಿ ಅಡಕವಾಗಿದೆ.

೮

ಇಷ್ಟು ಹೇಳಿದ ಮಾತ್ರಕ್ಕೆ ಚಿತ್ರವು ನಿರ್ದುಷ್ಟವೆಂದು ನಮ್ಮ ಅಭಿಪ್ರಾಯವಲ್ಲ. ವೈಲ್ಡನ ನಾಟಕದಲ್ಲಿ ಲೇಡಿ ವಿಂಡರ್‌ಮಿಯರಳ ಮನಃಪರಿವರ್ತನೆಯು ಮುಖ್ಯವಾದ ಎಳೆ. ಮೊದಲನೆಯ ಅಂಕದಲ್ಲಿ ಒಳಿತುಕೆಡಕುಗಳಿಗೆ ರಾಜಿಯೇ ಇಲ್ಲವೆಂದು ವಾದಿಸಿದವಳು, ನಾಲ್ಕನೆಯ ಅಂಕದಲ್ಲಿ ಆ ಎರಡೂ ಒಂದೇ ಜಗತ್ತಿನಲ್ಲಿ ಕೈಕೈಹಿಡಿದು ನಡೆಯುವುವೆಂಬುದನ್ನು ಅರಿಯುತ್ತಾಳೆ. ಅಂಥ ವಿವೇಕವು ತರ್ಕದ ಸ್ವರೂಪವುಳ್ಳದ್ದು. ಅದಕ್ಕೆ ಮಾತೇ ಬೇಕು. ಚಿತ್ರದಲ್ಲಿ ಆಕೆಯ ಪಶ್ಚಾತ್ತಾಪವೂ ಕೃತಜ್ಞತೆಯೂ ಕಾಣುತ್ತವೆ, ವಿವೇಕವು ಕಾಣುವುದಿಲ್ಲ. ಮೇ ಮ್ಯಾಕಾವಾಯಳ ಪಾತ್ರವು ಕೊನೆಯವರೆಗೂ ನೊಂದ ಬಾಲೆಯಾಗಿಯೇ ಉಳಿದಿರುವುದಕ್ಕೆ ನಟಿಗಿಂತ ಮಾಧ್ಯಮವೇ ಹೆಚ್ಚು ಕಾರಣ.

ಮಿಸೆಸ್ ಅರ್ಲಿನಳ ಪಾತ್ರದಲ್ಲಿಯೂ ಒಂದು ಕೊರತೆಯುಂಟು. ನಾಟಕದ ಕಡೆಯ ಅಂಕದಲ್ಲಿ ಅವಳು ಅಳಿಯನ ಮುಂದೆ, ತಾಯ್ತನವೆಂಬುದು ತನಗೆ ಒಗ್ಗದೆಂದು ಹಗುರವಾಗಿ ಮಾತನಾಡಿ ತನ್ನ ಹೃದಯವನ್ನು ಮರೆಮಾಡುತ್ತಾಳೆ. ಒಳಗಿನ ಭಾವಕ್ಕೆ ವಿರುದ್ಧವಾದ ಮಾತನ್ನಾಡುವ ಈ ಅವಹಿತ್ಥವು ವೈಲ್ಡನ ಕೌಶಲದ ಶಿಖರ. ಮಾತೇ ಮುಸುಕಾಗುವ ಇಂಥ ಸ್ಥಳದಲ್ಲಿ ಮೂಕಚಿತ್ರಕ್ಕೆ ಮುಸುಕೇ ಇಲ್ಲದಂತಾಗಿ, ತಾಯಿಯ ಮಮತೆಯು ನೇರವಾಗಿ ಬಯಲಿಗೆ ಬೀಳುತ್ತದೆ.

ಆದರೆ ಕೊನೆಯ ದೃಶ್ಯದಲ್ಲಿ ಚಿತ್ರವು ಈ ನಷ್ಟವನ್ನು ಬಹುಮಟ್ಟಿಗೆ ತುಂಬಿಕೊಟ್ಟಿದೆ. ಮಾರನೆಯ ದಿನ ಮಗಳನ್ನು ಕಂಡು ಹೊರಟ ಮಿಸೆಸ್ ಅರ್ಲಿನಳಿಗೆ ಬೀದಿಯಲ್ಲಿ ಆಗಸ್ಟಸನು ಎದುರಾಗುತ್ತಾನೆ. ಹಿಂದಿನ ರಾತ್ರಿ ಅವಳನ್ನು ಡಾರ್ಲಿಂಗ್‌ಟನ್ನನ ಮನೆಯಲ್ಲಿ ಕಂಡವರಲ್ಲಿ ಆತನೂ ಒಬ್ಬ. ನಾಟಕದಲ್ಲಿ ಅವಳು ಆತನಿಗೆ ಒಂದು ಸಮಾಧಾನವನ್ನು ಹೇಳಿ ನಂಬಿಸುತ್ತಾಳೆ. ಚಿತ್ರದಲ್ಲಿ ಸಮಾಧಾನವೇನನ್ನೂ ಹೇಳದೆ, ಆ ರಾತ್ರಿಯ ನಿನ್ನ ನಡತೆಯು ನಾಚಿಕೆಗೇಡಿನದೆಂದು ಆತನನ್ನೇ ಗದರಿಸಿ, ನಿನ್ನನ್ನು ಮದುವೆಯಾಗಲಾರೆನೆಂದು ಹೇಳಿ ಗಾಡಿಯನ್ನೇರುತ್ತಾಳೆ. ತಬ್ಬಿಬ್ಬಾದ ಆತನು ಹಿಂದೆಯೇ ಹತ್ತಿ ಕುಳಿತುಕೊಳ್ಳುತ್ತಾನೆ. ಇದು ಹಾಸ್ಯಕ್ಕಾಗಿ ಹಾಕಿದ ಕಡೆಯ ಪಟ್ಟು ಮಾತ್ರವೆಂದು ಕೆಲವರಿಗೆ ತೋರಬಹುದು. ನಮಗೆ ಹಾಗೆ ತೋರುವುದಿಲ್ಲ. ಎಲ್ಲರ ನೋಟಕ್ಕೂ ತೀರ್ಪಿಗೂ ಗುರಿಯಾದವಳು ಮೊದಲ ಬಾರಿಗೆ ತಾನೇ ತೀರ್ಪುಗಾರಳ ಪೀಠವನ್ನೇರಿದ್ದಾಳೆ. ತಪ್ಪಾಗಿ ನೋಡಿದುದೇ ತಪ್ಪು ಎಂಬುದು ಅವಳ ತೀರ್ಪು. ಅದು ಸಮಾಜಕ್ಕೆಲ್ಲ ಸಲ್ಲುತ್ತದೆ.

೯

ಈ ನಾಟಕವು ೧೯೪೯ರಲ್ಲಿ ಆಟೋ ಪ್ರೆಮಿಂಜರನ ನಿರ್ದೇಶನದಲ್ಲಿ ‘ದಿ ಫ್ಯಾನ್’ ಎಂಬ ಹೆಸರಿನಿಂದ ಮಾತನಾಡುವ ಚಿತ್ರವಾಗಿಯೂ ಬಂದಿತು. ಧ್ವನಿಮುದ್ರಣದ ಸೌಕರ್ಯವೆಲ್ಲ ಇದ್ದರೂ ಅದು ಲೂಬಿಚ್ಚನ ಚಿತ್ರದ ಪ್ರತಿಷ್ಠೆಯನ್ನು ಪಡೆಯಲಿಲ್ಲ. ಮೂಕಚಿತ್ರವಾದರೋ ೨೦೦೨ರಲ್ಲಿ ಅಮೆರಿಕೆಯ ರಾಷ್ಟ್ರೀಯ ಚಲಚ್ಚಿತ್ರ ದಾಖಲೆಯ ಪಟ್ಟಿಗೆ ಸೇರಿ, ರಕ್ಷಿಸತಕ್ಕ ಕೃತಿಯೆಂದು ಮನ್ನಣೆಯನ್ನು ಪಡೆಯಿತು. ಮಾತು ದೊರೆತ ಮಾತ್ರಕ್ಕೆ ವೈಲ್ಡನು ದೊರೆಯುವುದಿಲ್ಲ, ಮಾತು ಹೋದ ಮಾತ್ರಕ್ಕೆ ಆತನು ಹೋಗುವುದೂ ಇಲ್ಲ ಎಂಬುದಕ್ಕೆ ಈ ಎರಡು ಚಿತ್ರಗಳೇ ನಿದರ್ಶನ.

ಸಾಹಿತ್ಯಕೃತಿಯೊಂದು ಚಿತ್ರವಾದಾಗ, ಮೂಲದ ಎಷ್ಟ ಸಾಲುಗಳು ಉಳಿದವು, ಎಷ್ಟು ಹೋದವು ಎಂದು ಲೆಕ್ಕಹಾಕುವುದು ನಮ್ಮ ತರಗತಿಗಳಲ್ಲಿಯೂ ಲೇಖನಗಳಲ್ಲಿಯೂ ರೂಢಿಯಾಗಿದೆ. ಆ ಲೆಕ್ಕದ ಪ್ರಕಾರ ಈ ಚಿತ್ರದಲ್ಲಿ ವೈಲ್ಡನ ಪಾಲು ಶೂನ್ಯವೇ. ಆದರೂ ಮಗಳ ಹೆಸರಿಗೆ ಮಸಿ ಹತ್ತಬಾರದೆಂದು ತಾಯಿಯು ತನ್ನ ಹೆಸರನ್ನು ಹೇಳದೆ ಉಳಿದಳೆಂಬ ಆತನ ನಾಟಕದ ಜೀವಾಳವು ಮಾತಿಲ್ಲದ ಕಲೆಯಲ್ಲಿ ತನಗೆ ತಕ್ಕ ಶರೀರವನ್ನು ಪಡೆದಿದೆ. ನುಡಿಯಬಾರದ ಸತ್ಯವನ್ನು ನುಡಿಯಲಾರದ ಚಿತ್ರವು ಕಾಪಾಡಿಕೊಂಡಿತು. ಸಾಲುಗಳನ್ನು ಎಣಿಸುವುದನ್ನು ಬಿಟ್ಟು, ಕೃತಿಯ ಗರ್ಭಸ್ಥಾನವು ಯಾವುದು, ಹೊಸ ಮಾಧ್ಯಮವು ಅದನ್ನು ತನ್ನ ಸ್ವಂತ ಸಾಮಗ್ರಿಯಿಂದ ಹೇಗೆ ಮುಟ್ಟಿತು ಎಂದು ಪ್ರಶ್ನಿಸುವ ಅಭ್ಯಾಸವನ್ನು ವಿದ್ಯಾರ್ಥಿಗಳಲ್ಲಿ ಬೆಳೆಸುವುದಕ್ಕೆ ಈ ಚಿತ್ರಕ್ಕಿಂತ ಉತ್ತಮವಾದ ಪಾಠವು ದೊರೆಯುವುದು ಕಷ್ಟ. ನಾಟಕವನ್ನು ಓದಿಸುವ ಅಧ್ಯಾಪಕರು ಓದು ಮುಗಿದ ಮೇಲೆ ಇದನ್ನು ತೋರಿಸಿ, ಪಂದ್ಯದ ಮೈದಾನದ ಪ್ರಸಂಗವನ್ನು ಡಚೆಸ್ಸಳ ಸಂಭಾಷಣೆಯೊಡನೆ ಹೋಲಿಸುವಂತೆ ಕೇಳಿದರೆ, ಧ್ವನಿಯೆಂಬ ತತ್ತ್ವವು ಕೇವಲ ಶಬ್ದಕ್ಕೆ ಸೇರಿದುದೋ, ಅದಕ್ಕಿಂತ ವ್ಯಾಪಕವಾದುದೋ ಎಂಬ ವಿಚಾರವು ತಾನಾಗಿಯೇ ಆರಂಭವಾಗುವುದು.